ಪಾಟೀಸವಾಲಿಲ್ಲದ ತಜ್ಞಸಾಕ್ಷ್ಯ

ನಿಜವಾಗಿ ನಡೆದ ಅಪರಾಧಗಳನ್ನು ಕುರಿತ ಸಾಕ್ಷ್ಯಚಿತ್ರಗಳಲ್ಲಿ ಮಾತನಾಡುವವರಲ್ಲಿ ಬಹುತೇಕ ಎಲ್ಲರಿಗೂ ಆ ಪ್ರಕರಣದೊಂದಿಗೆ ನೇರವಾದ ನಂಟು ಇರುತ್ತದೆ. ತನಿಖಾಧಿಕಾರಿ ಸ್ಥಳ ಮಹಜರು ಮಾಡಿದವರು, ವರದಿಗಾರರು ಠಾಣೆಯ ಮುಂದೆ ಕಾದು ನಿಂತವರು, ವಕೀಲರು ದೋಷಾರೋಪ ಪಟ್ಟಿಯನ್ನು ಸಾಲುಸಾಲಾಗಿ ಓದಿದವರು, ಸತ್ತವರ ಬಂಧುಗಳಂತೂ ಆ ದಿನದ ಭಾರವನ್ನು ಇಂದಿಗೂ ಹೊತ್ತವರು. ಇವರ ನಡುವೆ, ಪುಸ್ತಕದ ಕಪಾಟಿನ ಮುಂದೆ ಕುಳಿತು ಸಮಾಧಾನದ ದನಿಯಲ್ಲಿ ಮಾತನಾಡುವ ಅಪರಾಧ ಮನೋವಿಜ್ಞಾನಿಗೆ ಮಾತ್ರ ಸಾಮಾನ್ಯವಾಗಿ ಅಂಥ ನಂಟು ಇರುವುದಿಲ್ಲ. ಅವರು ಅಪರಾಧಿಯನ್ನು ಕಂಡಿರುವುದಿಲ್ಲ, ಅವನ ಮನೆಯವರನ್ನು ಮಾತನಾಡಿಸಿರುವುದಿಲ್ಲ, ಎಷ್ಟೋ ಸಲ ಪ್ರಕರಣದ ಕಡತವನ್ನೂ ಪೂರ್ತಿ ಓದಿರುವುದಿಲ್ಲ. ಆದರೂ ‘ಅವನು ಹೀಗೇಕೆ ಮಾಡಿದ’ ಎಂದು ಇಡೀ ಚಿತ್ರ ಕೇಳುತ್ತಾ ಹೋಗುವ ಪ್ರಶ್ನೆಗೆ ಕೊನೆಯ ಉತ್ತರ ಕೊಡುವ ಅಧಿಕಾರ ಸಲ್ಲುವುದು ಅವರಿಗೇ. ಪ್ರಕರಣದಿಂದ ಎಲ್ಲರಿಗಿಂತ ದೂರ ಇರುವವರ ಮಾತಿಗೇ ಎಲ್ಲರಿಗಿಂತ ಹೆಚ್ಚು ತೂಕ ಬರುವ ಈ ವಿಚಿತ್ರ ಏರ್ಪಾಡು ಈಗ ಎಷ್ಟು ರೂಢಿಯಾಗಿದೆಯೆಂದರೆ, ಅದು ವಿಚಿತ್ರ ಎಂದು ಯಾರಿಗೂ ಅನ್ನಿಸುವುದಿಲ್ಲ.

ಅಪರಾಧ ಮನೋವಿಜ್ಞಾನ ಎಂಬ ಹೆಸರಿನಡಿ ಹಲವು ಬಗೆಯ ವಿದ್ಯೆಗಳು ಸೇರಿವೆ. ಆರೋಪಿಯನ್ನು ಎದುರಿಗೆ ಕೂರಿಸಿಕೊಂಡು ಅವನ ಮಾನಸಿಕ ಸ್ಥಿತಿಯನ್ನು ಪರೀಕ್ಷಿಸುವುದು, ಬಿಡುಗಡೆಯಾದವನು ಮತ್ತೆ ಅಪರಾಧ ಮಾಡುವ ಸಂಭವವನ್ನು ಅಂದಾಜು ಮಾಡುವುದು, ಪ್ರತ್ಯಕ್ಷದರ್ಶಿಯ ನೆನಪು ಎಷ್ಟು ನಂಬಲರ್ಹ ಎಂದು ಅಳೆಯುವುದು, ಪೊಲೀಸ್ ವಿಚಾರಣೆಯಲ್ಲಿ ಜನ ಮಾಡದ ತಪ್ಪನ್ನು ಏಕೆ ಒಪ್ಪಿಕೊಳ್ಳುತ್ತಾರೆ ಎಂದು ಶೋಧಿಸುವುದು, ಇವೆಲ್ಲವೂ ಅದರ ವ್ಯಾಪ್ತಿಗೆ ಬರುತ್ತವೆ. ಇವುಗಳಲ್ಲಿ ಹೆಚ್ಚಿನವು ಗುಂಪುಗಳನ್ನು ಅಭ್ಯಸಿಸಿ ಪಡೆದ ತಿಳಿವಳಿಕೆಗಳು, ಅಂದರೆ ‘ಇಂಥ ಹಿನ್ನೆಲೆಯವರಲ್ಲಿ ಇಂಥದು ಸ್ವಲ್ಪ ಹೆಚ್ಚು’ ಎಂಬಂಥ ಸಂಭಾವ್ಯತೆಯ ಮಾತುಗಳು. ಇಂಥ ತಿಳಿವಳಿಕೆಯನ್ನು ಒಬ್ಬ ನಿರ್ದಿಷ್ಟ ವ್ಯಕ್ತಿಗೆ ಅನ್ವಯಿಸುವಾಗ ಎಚ್ಚರ ಬೇಕೆಂಬುದನ್ನು ಕಾನೂನು ಬಹಳ ಹಿಂದೆಯೇ ಅರಿತಿದೆ. 1872ರ ಭಾರತೀಯ ಸಾಕ್ಷ್ಯ ಕಾಯ್ದೆಯ 45ನೇ ಕಲಮು, ಈಗ ಅದರ ಜಾಗದಲ್ಲಿ ಬಂದಿರುವ 2023ರ ಭಾರತೀಯ ಸಾಕ್ಷ್ಯ ಅಧಿನಿಯಮದ 39ನೇ ಕಲಮು, ತಜ್ಞರ ಮಾತನ್ನು ಸಾಕ್ಷ್ಯವಾಗಿ ಸ್ವೀಕರಿಸುತ್ತದೆ. ಆದರೆ ಅದನ್ನು ಅಭಿಪ್ರಾಯವೆಂದು ಕರೆಯುತ್ತದೆಯೇ ಹೊರತು ಸತ್ಯಾಂಶವೆಂದಲ್ಲ. ತಜ್ಞರು ಸಾಕ್ಷಿಕಟ್ಟೆ ಹತ್ತಬೇಕು, ತಮ್ಮ ಅಭಿಪ್ರಾಯಕ್ಕೆ ಆಧಾರ ಹೇಳಬೇಕು, ಎದುರು ಪಕ್ಷದ ವಕೀಲರ ಪಾಟೀಸವಾಲನ್ನು ಎದುರಿಸಬೇಕು. ಸಾಕ್ಷ್ಯಚಿತ್ರವು ಈ ತಜ್ಞರನ್ನು ನ್ಯಾಯಾಲಯದಿಂದ ಎತ್ತಿಕೊಂಡು ಬರುವಾಗ ಅವರ ಅಧಿಕಾರವನ್ನಷ್ಟೇ ತರುತ್ತದೆ, ಆ ಅಧಿಕಾರಕ್ಕೆ ಹಾಕಿದ್ದ ಕಟ್ಟುಪಾಡುಗಳನ್ನು ಅಲ್ಲಿಯೇ ಬಿಟ್ಟು ಬರುತ್ತದೆ. ತೊಂದರೆಯ ಮೂಲ ಇರುವುದು ತಜ್ಞರ ಪ್ರಾಮಾಣಿಕತೆಯಲ್ಲಿ ಅಲ್ಲ, ಈ ಕೊರತೆಯಲ್ಲಿ.

ಈ ಬಗೆಯ ಚಿತ್ರಗಳ ಇತಿಹಾಸದಲ್ಲಿ ಮೈಲಿಗಲ್ಲು ಎನಿಸಿದ ‘ದಿ ಥಿನ್ ಬ್ಲೂ ಲೈನ್’ (1988) ಹುಟ್ಟಿದ್ದೇ ಒಬ್ಬ ಮನೋವೈದ್ಯನ ಕಾರಣದಿಂದ ಎಂಬುದು ಇಲ್ಲಿ ನೆನೆಯಬೇಕಾದ ಸಂಗತಿ. ಅಮೆರಿಕದ ಟೆಕ್ಸಾಸ್ ರಾಜ್ಯದಲ್ಲಿ ಮರಣದಂಡನೆ ವಿಧಿಸಬೇಕಾದರೆ, ಅಪರಾಧಿಯು ಮುಂದೆಯೂ ಹಿಂಸೆ ಎಸಗಿ ಸಮಾಜಕ್ಕೆ ಅಪಾಯವಾಗಿಯೇ ಉಳಿಯುವ ಸಂಭವವಿದೆಯೇ ಎಂಬ ಪ್ರಶ್ನೆಗೆ ಜ್ಯೂರಿಯು ಹೌದೆಂದು ಉತ್ತರಿಸಬೇಕಾಗಿತ್ತು. ಭವಿಷ್ಯವನ್ನು ಕುರಿತ ಈ ಪ್ರಶ್ನೆಗೆ ಸರ್ಕಾರದ ಪರವಾಗಿ ಉತ್ತರ ಹೇಳಲು ಮತ್ತೆ ಮತ್ತೆ ಬರುತ್ತಿದ್ದವರು ಡಲ್ಲಾಸ್‌ನ ಮನೋವೈದ್ಯ ಜೇಮ್ಸ್ ಗ್ರಿಗ್ಸನ್. ನೂರಕ್ಕೂ ಹೆಚ್ಚು ಮರಣದಂಡನೆ ಪ್ರಕರಣಗಳಲ್ಲಿ ಸಾಕ್ಷ್ಯ ನುಡಿದ ಅವರಿಗೆ ‘ಡಾಕ್ಟರ್ ಡೆತ್’ ಎಂಬ ಅಡ್ಡಹೆಸರೇ ಅಂಟಿಕೊಂಡಿತ್ತು. ನಿರ್ದೇಶಕ ಎರಲ್ ಮಾರಿಸ್ ಟೆಕ್ಸಾಸ್‌ಗೆ ಹೋದದ್ದು ಇವರನ್ನು ಕುರಿತು ಚಿತ್ರ ಮಾಡಲೆಂದು. ಇವರ ಸಾಕ್ಷ್ಯದಿಂದ ಶಿಕ್ಷೆಗೊಳಗಾದವರನ್ನು ಸೆರೆಮನೆಯಲ್ಲಿ ಭೇಟಿಯಾಗುತ್ತಾ ಹೋದಾಗ ಅವರಿಗೆ ರ‍್ಯಾಂಡಲ್ ಡೇಲ್ ಆಡಮ್ಸ್ ಎಂಬ ಕೈದಿ ಸಿಕ್ಕಿದರು. 1976ರಲ್ಲಿ ಡಲ್ಲಾಸ್‌ನ ಪೊಲೀಸ್ ಅಧಿಕಾರಿಯೊಬ್ಬರನ್ನು ಗುಂಡಿಟ್ಟು ಕೊಂದ ಆರೋಪದ ಮೇಲೆ ಆಡಮ್ಸ್‌ಗೆ ಮರುವರ್ಷ ಮರಣದಂಡನೆಯಾಗಿತ್ತು.

ಆಡಮ್ಸ್‌ರನ್ನು ಗ್ರಿಗ್ಸನ್ ಪರೀಕ್ಷಿಸಿದ್ದು ಕೆಲವೇ ನಿಮಿಷಗಳ ಕಾಲ. ಕೆಲವು ಆಕೃತಿಗಳನ್ನು ನಕಲು ಮಾಡಲು ಹೇಳಿ, ಒಂದೆರಡು ಗಾದೆಗಳ ಅರ್ಥ ಕೇಳಿ, ಈತ ಬಿಡುಗಡೆಯಾದರೆ ಮತ್ತೆ ಕೊಲ್ಲುವವನು ಎಂಬ ತೀರ್ಮಾನಕ್ಕೆ ಅವರು ಬಂದರು. ಅಮೆರಿಕದ ಸುಪ್ರೀಂ ಕೋರ್ಟು 1980ರಲ್ಲಿ ಜ್ಯೂರಿಯ ಆಯ್ಕೆಗೆ ಸಂಬಂಧಿಸಿದ ಬೇರೊಂದು ಕಾರಣಕ್ಕೆ ಆ ಮರಣದಂಡನೆಯನ್ನು ರದ್ದುಪಡಿಸಿದ್ದರಿಂದ ಅವರ ಜೀವ ಉಳಿಯಿತು, ಶಿಕ್ಷೆ ಜೀವಾವಧಿಗೆ ಇಳಿಯಿತು. ಮಾರಿಸ್ ಚಿತ್ರವು ಸಾಕ್ಷಿಗಳ ಮಾತುಗಳನ್ನು ಒಂದರ ಪಕ್ಕ ಒಂದಿಟ್ಟು ಅವುಗಳ ಟೊಳ್ಳನ್ನು ಬಯಲು ಮಾಡಿದ ಮೇಲೆ, 1989ರಲ್ಲಿ ಆಡಮ್ಸ್ ಹೊರಬಂದರು. 2010ರಲ್ಲಿ ತೀರಿಕೊಳ್ಳುವವರೆಗೂ ಯಾರ ಮೇಲೂ ಕೈ ಮಾಡದೆ, ಮರಣದಂಡನೆಯ ವಿರುದ್ಧ ಮಾತನಾಡುತ್ತಾ ಬದುಕಿದರು. ಅವರ ವಿರುದ್ಧ ಮುಖ್ಯ ಸಾಕ್ಷಿಯಾಗಿದ್ದ ಹದಿಹರೆಯದ ಹುಡುಗನೇ ಮುಂದೆ ಬೇರೊಂದು ಕೊಲೆ ಮಾಡಿ 2004ರಲ್ಲಿ ಮರಣದಂಡನೆಗೆ ಗುರಿಯಾದ. ಮನೋವೈದ್ಯನ ಭವಿಷ್ಯವಾಣಿಯು ಯಾರ ಬಗ್ಗೆ ನುಡಿಯಲ್ಪಟ್ಟಿತ್ತೋ ಅವರ ವಿಷಯದಲ್ಲಿ ಸುಳ್ಳಾಗಿ, ಯಾರ ಮಾತನ್ನು ನಂಬಿ ಪ್ರಕರಣ ನಿಂತಿತ್ತೋ ಆ ಹುಡುಗನ ವಿಷಯದಲ್ಲಿ ನಿಜವಾಯಿತು.

ಗ್ರಿಗ್ಸನ್ ಕುರಿತ ಇನ್ನೊಂದು ಪ್ರಕರಣ ಈ ಚರ್ಚೆಗೆ ಮತ್ತಷ್ಟು ಹತ್ತಿರದ್ದು. ಥಾಮಸ್ ಬೇರ್‌ಫುಟ್ ಎಂಬ ಅಪರಾಧಿಯನ್ನು ಅವರು ಒಮ್ಮೆಯೂ ಭೇಟಿಯಾಗಿರಲಿಲ್ಲ. ಸರ್ಕಾರಿ ವಕೀಲರು ಪ್ರಕರಣದ ವಿವರಗಳನ್ನು ‘ಇಂಥ ಒಬ್ಬ ವ್ಯಕ್ತಿ ಇದ್ದಾನೆಂದು ಭಾವಿಸಿ’ ಎಂದು ಕಾಲ್ಪನಿಕ ಪ್ರಶ್ನೆಯ ರೂಪದಲ್ಲಿ ಮುಂದಿಟ್ಟಾಗ, ಆ ವ್ಯಕ್ತಿ ಮತ್ತೆ ಹಿಂಸೆ ಮಾಡುವುದು ಶೇಕಡಾ ನೂರರಷ್ಟು ಖಚಿತ ಎಂದು ಅವರು ನುಡಿದರು. ಇದು ಸುಪ್ರೀಂ ಕೋರ್ಟಿನ ಮುಂದೆ ಬಂದಾಗ ಅಮೆರಿಕದ ಮನೋವೈದ್ಯರ ಸಂಘವೇ ನ್ಯಾಯಾಲಯಕ್ಕೆ ಮನವಿ ಸಲ್ಲಿಸಿ, ದೂರದ ಭವಿಷ್ಯದ ಅಪಾಯವನ್ನು ಕುರಿತ ಮನೋವೈದ್ಯರ ಅಂದಾಜುಗಳು ಮೂರರಲ್ಲಿ ಎರಡು ಸಲ ತಪ್ಪಾಗುತ್ತವೆ ಎಂದು ಹೇಳಿತು. 1983ರ ತೀರ್ಪಿನಲ್ಲಿ ಬಹುಮತದ ನ್ಯಾಯಮೂರ್ತಿಗಳು ಆದಾಗ್ಯೂ ಇಂಥ ಸಾಕ್ಷ್ಯಕ್ಕೆ ಅವಕಾಶ ಕೊಟ್ಟರು. ಅವರು ಕೊಟ್ಟ ಕಾರಣ ಇದು: ತಜ್ಞರ ಮಾತಿನಲ್ಲಿ ಹುಳುಕಿದ್ದರೆ ಪಾಟೀಸವಾಲೂ ಎದುರು ಪಕ್ಷದ ತಜ್ಞರೂ ಅದನ್ನು ಹೊರಗೆಳೆಯುತ್ತಾರೆ, ಜ್ಯೂರಿ ಕಾಳು ಜೊಳ್ಳುಗಳನ್ನು ಬೇರ್ಪಡಿಸಿಕೊಳ್ಳುತ್ತದೆ. ಇದು ಅತಿ ವಿಶ್ವಾಸದ ಮಾತೆಂದು ಅಂದೇ ಭಿನ್ನಮತದ ತೀರ್ಪು ಟೀಕಿಸಿತ್ತು. ಆದರೆ ಆ ತರ್ಕವನ್ನು ಪೂರ್ತಿ ಒಪ್ಪಿಕೊಂಡರೂ ಸಾಕ್ಷ್ಯಚಿತ್ರಕ್ಕೆ ಅದರಿಂದ ಯಾವ ಸಮರ್ಥನೆಯೂ ಸಿಗುವುದಿಲ್ಲ, ಏಕೆಂದರೆ ಅಲ್ಲಿ ಪಾಟೀಸವಾಲೂ ಇಲ್ಲ, ಎದುರು ತಜ್ಞರೂ ಇಲ್ಲ. ಗ್ರಿಗ್ಸನ್‌ರನ್ನು ಅವರ ವೃತ್ತಿಸಂಘವು 1995ರಲ್ಲಿ ಹೊರಹಾಕಿತು; ವ್ಯಕ್ತಿಯನ್ನು ಪರೀಕ್ಷಿಸದೆಯೇ ರೋಗನಿರ್ಣಯ ಮಾಡಿದ್ದು ಅದಕ್ಕೆ ಕೊಟ್ಟ ಮುಖ್ಯ ಕಾರಣಗಳಲ್ಲೊಂದು. ತೆರೆಯ ಮೇಲೆ ಇಂದು ದಿನನಿತ್ಯ ನಡೆಯುವುದು ಬಹುಮಟ್ಟಿಗೆ ಅದೇ ಕೆಲಸ.

ಗ್ರಿಗ್ಸನ್ ಒಬ್ಬ ಅತಿರೇಕಿ, ಅಪವಾದ ಎಂದು ತಳ್ಳಿಹಾಕುವವರು ಬ್ರಿಟನ್ನಿನ ಪಾಲ್ ಬ್ರಿಟನ್ ಅವರ ಪ್ರಕರಣವನ್ನು ನೋಡಬೇಕು. ಅವರು ಗೌರವಾನ್ವಿತ ಚಿಕಿತ್ಸಾ ಮನೋವಿಜ್ಞಾನಿ. ಹಲವು ತನಿಖೆಗಳಲ್ಲಿ ಪೊಲೀಸರಿಗೆ ನೆರವಾಗಿದ್ದವರು. 1992ರ ಜುಲೈಯಲ್ಲಿ ಲಂಡನ್ನಿನ ವಿಂಬಲ್ಡನ್ ಕಾಮನ್ ಎಂಬ ಬಯಲಿನಲ್ಲಿ ತಾಯಿಯೊಬ್ಬಳನ್ನು ಅವಳ ಎಳೆಯ ಮಗುವಿನ ಎದುರೇ ಇರಿದು ಕೊಲ್ಲಲಾಯಿತು. ಬ್ರಿಟನ್ ಅವರು ಅಪರಾಧಿಯ ಮನೋಚಿತ್ರವನ್ನು, ಅಂದರೆ ಕೃತ್ಯದ ಲಕ್ಷಣಗಳಿಂದ ಕೃತ್ಯ ಎಸಗಿದವನ ವಯಸ್ಸು, ಒಂಟಿತನ, ಕಾಮಕಲ್ಪನೆಗಳನ್ನು ಊಹಿಸುವ ವಿವರಣೆಯನ್ನು, ಸಿದ್ಧಪಡಿಸಿಕೊಟ್ಟರು. ಹತ್ತಿರದಲ್ಲೇ ವಾಸವಾಗಿದ್ದ ಒಬ್ಬ ಒಂಟಿ ಯುವಕನ ಮೇಲೆ ಪೊಲೀಸರ ಸಂಶಯ ಬಿತ್ತು. (ಅವನ ಹೆಸರು ಬ್ರಿಟಿಷ್ ಪತ್ರಿಕೆಗಳಲ್ಲಿ ಸಾಕಷ್ಟು ಸಲ ಅಚ್ಚಾಗಿದೆ, ಇಲ್ಲಿ ಮತ್ತೊಮ್ಮೆ ಬೇಡ.) ಭೌತಿಕ ಸಾಕ್ಷ್ಯ ಏನೂ ಇರಲಿಲ್ಲ. ಮಹಿಳಾ ಅಧಿಕಾರಿಯೊಬ್ಬರು ವೇಷ ಮರೆಸಿ ತಿಂಗಳುಗಟ್ಟಲೆ ಅವನೊಂದಿಗೆ ಸ್ನೇಹ ನಟಿಸಿ, ಪ್ರೇಮದ ಆಸೆ ತೋರಿಸಿ, ಅವನ ಕಲ್ಪನೆಗಳನ್ನು ಹೊರಗೆಳೆಯುವ ಕಾರ್ಯಾಚರಣೆ ನಡೆಯಿತು. ಅದರ ರೂಪರೇಷೆಯಲ್ಲಿ ಬ್ರಿಟನ್ ಅವರ ಮಾರ್ಗದರ್ಶನವಿತ್ತು. ಅವನು ತಪ್ಪೊಪ್ಪಿಕೊಳ್ಳಲಿಲ್ಲ, ಆದರೆ ಅವಳನ್ನು ಮೆಚ್ಚಿಸಲು ಬರೆದ ಕಲ್ಪನೆಗಳು ಮನೋಚಿತ್ರಕ್ಕೆ ಹೊಂದುತ್ತವೆಂದು ತೀರ್ಮಾನವಾಯಿತು.

1994ರ ಸೆಪ್ಟೆಂಬರಿನಲ್ಲಿ ನ್ಯಾಯಮೂರ್ತಿ ಆಗ್ನಲ್ ಆ ಕಾರ್ಯಾಚರಣೆಯನ್ನು ಕಟುವಾಗಿ ಖಂಡಿಸಿ, ಅದರಿಂದ ದೊರೆತ ಸಾಕ್ಷ್ಯವನ್ನು ತಿರಸ್ಕರಿಸಿದಾಗ ಪ್ರಕರಣ ಬಿದ್ದುಹೋಯಿತು. ಅಷ್ಟರಲ್ಲಿ ಆ ಯುವಕ ಒಂದು ವರ್ಷಕ್ಕೂ ಹೆಚ್ಚು ಕಾಲ ಸೆರೆಯಲ್ಲಿ ಕಳೆದಿದ್ದ, ಮುಂದೆ ಹಲವು ವರ್ಷ ಊರವರ ಕಣ್ಣಿಗೆ ಕೊಲೆಗಾರನಾಗಿಯೇ ಉಳಿದ. ನಿಜವಾದ ಕೊಲೆಗಾರ ರಾಬರ್ಟ್ ನ್ಯಾಪರ್ 1993ರ ನವೆಂಬರಿನಲ್ಲಿ, ಪೊಲೀಸರ ಗಮನವೆಲ್ಲ ಈ ಯುವಕನ ಮೇಲೆ ನೆಟ್ಟಿದ್ದಾಗ, ಲಂಡನ್ನಿನ ಮತ್ತೊಂದು ಭಾಗದಲ್ಲಿ ಇನ್ನೊಬ್ಬ ತಾಯಿಯನ್ನೂ ಅವಳ ಪುಟ್ಟ ಮಗಳನ್ನೂ ಕೊಂದಿದ್ದ. ಡಿಎನ್ಎ ಪರೀಕ್ಷೆಯ ಬಲದಿಂದ ವಿಂಬಲ್ಡನ್ ಪ್ರಕರಣದಲ್ಲಿ ಅವನ ಅಪರಾಧ ಸಾಬೀತಾದದ್ದು 2008ರಲ್ಲಿ. ನಿರಪರಾಧಿಗೆ 7,06,000 ಪೌಂಡ್ ಪರಿಹಾರ ಮಂಜೂರಾದದ್ದೂ ಅದೇ ವರ್ಷ. ಇಡೀ ದುರಂತಕ್ಕೆ ಮನೋವಿಜ್ಞಾನಿಯೊಬ್ಬರನ್ನೇ ಹೊಣೆ ಮಾಡುವುದು ನ್ಯಾಯವಲ್ಲ, ಕಾರ್ಯಾಚರಣೆ ನಡೆಸಿದ್ದು ಪೊಲೀಸರು. ಆದರೆ ಊಹೆಯ ಚಿತ್ರವೊಂದು ಸಿಕ್ಕಿದ ಮೇಲೆ ಅದಕ್ಕೆ ಹೊಂದುವ ಮುಖವನ್ನು ಹುಡುಕುವ ತವಕ ತರಬೇತಾದ ಪತ್ತೇದಾರರನ್ನೂ ಹೇಗೆ ಕುರುಡಾಗಿಸುತ್ತದೆ ಎಂಬುದಕ್ಕೆ ಇದಕ್ಕಿಂತ ಸ್ಪಷ್ಟ ನಿದರ್ಶನ ಬೇಕಿಲ್ಲ.

ಇಂಥ ಮನೋಚಿತ್ರಗಳು ಕೇಳುಗರಿಗೆ ಏಕೆ ಅಷ್ಟು ನಿಖರವೆನಿಸುತ್ತವೆ ಎಂಬುದನ್ನು ಮನೋವಿಜ್ಞಾನವೇ ಪರೀಕ್ಷಿಸಿ ನೋಡಿದೆ. 1948ರಲ್ಲಿ ಬರ್ಟ್ರಂ ಫೋರರ್ ತಮ್ಮ ವಿದ್ಯಾರ್ಥಿಗಳಿಗೆ ವ್ಯಕ್ತಿತ್ವ ಪರೀಕ್ಷೆಯೊಂದನ್ನು ಕೊಟ್ಟು, ಒಂದು ವಾರದ ನಂತರ ‘ನಿಮ್ಮ ಫಲಿತಾಂಶ’ ಎಂದು ಎಲ್ಲರಿಗೂ ಒಂದೇ ಬರಹವನ್ನು ಹಂಚಿದರು. ಅದು ಜ್ಯೋತಿಷ್ಯದ ಪುಸ್ತಕವೊಂದರಿಂದ ಆಯ್ದ ವಾಕ್ಯಗಳ ಜೋಡಣೆಯಾಗಿತ್ತು. ವಿದ್ಯಾರ್ಥಿಗಳು ಅದರ ನಿಖರತೆಗೆ ಐದರಲ್ಲಿ ಸರಾಸರಿ ನಾಲ್ಕಕ್ಕೂ ಹೆಚ್ಚು ಅಂಕ ಕೊಟ್ಟರು. 2003ರಲ್ಲಿ ಲಾರೆನ್ಸ್ ಆಲಿಸನ್ ಮತ್ತು ಸಂಗಡಿಗರು ಇದೇ ಬಗೆಯ ಪರೀಕ್ಷೆಯನ್ನು ಪೊಲೀಸ್ ಅಧಿಕಾರಿಗಳ ಮೇಲೆ ಮಾಡಿದರು. ಎಲ್ಲರ ಕೈಗೂ ಒಂದೇ ಮನೋಚಿತ್ರ ಕೊಟ್ಟು, ಅರ್ಧ ಜನಕ್ಕೆ ನಿಜವಾದ ಅಪರಾಧಿಯ ವಿವರವನ್ನೂ ಉಳಿದವರಿಗೆ ಅವನಿಗಿಂತ ಬಹಳ ಭಿನ್ನನಾದ ಕಲ್ಪಿತ ಅಪರಾಧಿಯ ವಿವರವನ್ನೂ ಒದಗಿಸಿದಾಗ, ಎರಡೂ ಗುಂಪಿನ ಬಹುಪಾಲು ಜನ ಮನೋಚಿತ್ರ ಸಾಕಷ್ಟು ಸರಿಯಾಗಿದೆ ಎಂದೇ ಹೇಳಿದರು.

ಅಮೆರಿಕದ ಎಫ್‌ಬಿಐ ಸಂಸ್ಥೆಯ ವರ್ತನಾ ವಿಭಾಗವು 36 ಅಪರಾಧಿಗಳ ಸಂದರ್ಶನಗಳನ್ನು ಆಧರಿಸಿ ಕೊಲೆಗಾರರನ್ನು ‘ವ್ಯವಸ್ಥಿತ’ ಮತ್ತು ‘ಅವ್ಯವಸ್ಥಿತ’ ಎಂದು ಎರಡು ಜಾತಿಯಾಗಿ ವಿಂಗಡಿಸಿತ್ತು. ಚಿತ್ರಗಳಲ್ಲಿ ಇಂದಿಗೂ ಕಿವಿಗೆ ಬೀಳುವ ಈ ವಿಂಗಡಣೆಯನ್ನು ಡೇವಿಡ್ ಕ್ಯಾಂಟರ್ ಮತ್ತು ಸಂಗಡಿಗರು 2004ರಲ್ಲಿ ನೂರು ಸರಣಿ ಕೊಲೆಗಾರರ ಕೃತ್ಯಗಳಿಗೆ ಹಚ್ಚಿ ನೋಡಿದಾಗ ಅಂಥ ಎರಡು ಪ್ರತ್ಯೇಕ ಜಾತಿಗಳು ಕಾಣಲಿಲ್ಲ. ಸಂದರ್ಶನಕ್ಕೆ ಒಪ್ಪಿದ ಕೈದಿಗಳು, ಅದೂ ತಮ್ಮ ಕಥೆಯನ್ನು ತಾವೇ ಹೇಳಿಕೊಂಡವರು, ಎಲ್ಲ ಕೊಲೆಗಾರರ ಪ್ರತಿನಿಧಿಗಳಾಗುವುದು ಹೇಗೆ ಎಂಬ ಸಾಮಾನ್ಯ ಪ್ರಶ್ನೆಯನ್ನು ಮೊದಲೇ ಕೇಳಬಹುದಿತ್ತು.

ಸಾಕ್ಷ್ಯಚಿತ್ರದ ತಜ್ಞರಿಗೆ ಇನ್ನೊಂದು ಅನುಕೂಲವೂ ಇದೆ. ಬ್ರಿಟನ್ ಅವರು ಅಪರಾಧಿ ಯಾರೆಂದು ತಿಳಿಯದೆ ಮಾತನಾಡಿದ್ದರಿಂದ ಅವರ ಮಾತು ತಪ್ಪಾಗುವ ಅವಕಾಶವಾದರೂ ಇತ್ತು; ಫಲಿತಾಂಶ ಗೊತ್ತಾದ ಮೇಲೆ ಮಾತನಾಡುವವರು ತಪ್ಪಾಗುವುದೇ ಇಲ್ಲ. ಏನಾಯಿತೆಂದು ತಿಳಿದ ಮೇಲೆ, ಅದು ಹಾಗೆಯೇ ಆಗಬೇಕಿತ್ತು, ಮೊದಲೇ ಕಾಣುವಂತಿತ್ತು ಎಂದು ಅನ್ನಿಸತೊಡಗುವುದನ್ನು ಮನೋವಿಜ್ಞಾನಿಗಳು ಹಿನ್ನೋಟದ ಪಕ್ಷಪಾತ ಎನ್ನುತ್ತಾರೆ; ಬರೂಕ್ ಫಿಶಾಫ್ 1975ರಲ್ಲಿಯೇ ಇದನ್ನು ಪ್ರಯೋಗದ ಮೂಲಕ ತೋರಿಸಿದ್ದರು. ಅಪರಾಧಿಯ ಬಾಲ್ಯದಲ್ಲಿ ಕಠಿಣ ತಂದೆಯಿದ್ದರೆ ಅದು ಕಾರಣ, ತಂದೆ ಇಲ್ಲದಿದ್ದರೆ ಆ ಇಲ್ಲದಿರುವಿಕೆಯೇ ಕಾರಣ. ಅವನು ಮೌನಿಯಾಗಿದ್ದರೆ ಒಳಗೆ ಕುದಿಯುತ್ತಿದ್ದ, ನಗುಮುಖದವನಾಗಿದ್ದರೆ ಮುಖವಾಡ ಹಾಕಿದ್ದ. ಯಾವ ಸಂಗತಿ ಎದುರಾದರೂ ಸರಿಹೊಂದುವ ವಿವರಣೆ ಏನನ್ನೂ ವಿವರಿಸುವುದಿಲ್ಲ. ಕಾಗೆ ಕೂತದ್ದಕ್ಕೂ ಕೊಂಬೆ ಮುರಿದದ್ದಕ್ಕೂ ನಂಟು ಕಟ್ಟುವ ಈ ಅಭ್ಯಾಸಕ್ಕೆ ವಿಜ್ಞಾನದ ಉಡುಗೆ ತೊಡಿಸಿದ ಪ್ರಸಿದ್ಧ ಉದಾಹರಣೆಯೆಂದರೆ ‘ಮ್ಯಾಕ್‌ಡೊನಾಲ್ಡ್ ತ್ರಿಲಕ್ಷಣ’. ಬಾಲ್ಯದಲ್ಲಿ ಹಾಸಿಗೆ ಒದ್ದೆ ಮಾಡುವುದು, ಬೆಂಕಿ ಹಚ್ಚುವುದು, ಪ್ರಾಣಿಗಳನ್ನು ಹಿಂಸಿಸುವುದು ಇವು ಮುಂದಿನ ಕೊಲೆಗಾರನ ಕುರುಹುಗಳು ಎಂಬ ಈ ನಂಬಿಕೆಯ ಮೂಲ, ಮನೋವೈದ್ಯ ಜೆ. ಎಂ. ಮ್ಯಾಕ್‌ಡೊನಾಲ್ಡ್ 1963ರಲ್ಲಿ ಕೊಲೆ ಬೆದರಿಕೆ ಹಾಕಿದ್ದ ಸುಮಾರು ನೂರು ರೋಗಿಗಳನ್ನು ಕುರಿತು ಬರೆದ ಒಂದು ಪ್ರಬಂಧ. ಬೆದರಿಕೆ ಹಾಕಿದವರೆಲ್ಲ ಕೊಂದವರಲ್ಲ. ನಂತರದ ಅಧ್ಯಯನಗಳು ಆ ಮೂರು ಲಕ್ಷಣಗಳ ಒಗ್ಗೂಡುವಿಕೆಗೆ ಭವಿಷ್ಯ ಹೇಳುವ ಬಲವನ್ನು ಕಾಣಲಿಲ್ಲ. ಹಾಸಿಗೆ ಒದ್ದೆ ಮಾಡುವ ಮಕ್ಕಳು ಲಕ್ಷಾಂತರ, ಅವರಲ್ಲಿ ಕೊಲೆಗಾರರಾಗುವವರು ಎಣಿಕೆಗೂ ಸಿಗದಷ್ಟು ಕಡಿಮೆ. ಕೊಲೆಗಾರನಿಂದ ಹಿಂದಕ್ಕೆ ನಡೆದರೆ ಕಾಣುವ ದಾರಿ, ಮಗುವಿನಿಂದ ಮುಂದಕ್ಕೆ ನಡೆದರೆ ಕಾಣುವುದಿಲ್ಲ. ಇಂಥ ಮಾತನ್ನು ಕೇಳಿ ತಮ್ಮ ಮಗುವನ್ನೇ ಸಂಶಯದಿಂದ ನೋಡುವ ತಂದೆತಾಯಿಯ ಪಾಡನ್ನು ಚಿತ್ರ ತಯಾರಕರು ಯೋಚಿಸಿದಂತೆ ತೋರುವುದಿಲ್ಲ.

‘ಸೈಕೋಪಾತ್’ ಎಂಬ ಪದದ ಗತಿಯೂ ಹೀಗೆಯೇ ಆಗಿದೆ. ಕೆನಡಾದ ರಾಬರ್ಟ್ ಹೇರ್ ರೂಪಿಸಿದ ಅಳತೆಪಟ್ಟಿಯಲ್ಲಿ 20 ಅಂಶಗಳಿವೆ, ಪ್ರತಿಯೊಂದಕ್ಕೂ ಸೊನ್ನೆಯಿಂದ ಎರಡರವರೆಗೆ ಅಂಕ, ಒಟ್ಟು 40. ತರಬೇತಾದ ಪರೀಕ್ಷಕರು ವ್ಯಕ್ತಿಯ ದೀರ್ಘ ಸಂದರ್ಶನ ನಡೆಸಿ, ದಾಖಲೆಗಳನ್ನು ತಾಳೆ ನೋಡಿ ಈ ಅಂಕ ಕೊಡಬೇಕು. ತೆರೆಯ ಮೇಲೆ ಇದು ನ್ಯಾಯಾಲಯದ ಆವರಣದಲ್ಲಿ ಆರೋಪಿ ನಕ್ಕ ಎಂಬ ಒಂದು ದೃಶ್ಯದ ಬಲದ ಮೇಲೆಯೇ ತೀರ್ಮಾನವಾಗಿಬಿಡುತ್ತದೆ. ಅಮೆರಿಕದಲ್ಲಿ ‘ಗೋಲ್ಡ್‌ವಾಟರ್ ನಿಯಮ’ ಎಂದು ಕರೆಯುವ ವೃತ್ತಿಧರ್ಮ ಹುಟ್ಟಿದ್ದು ಇಂಥದೇ ಒಂದು ಎಡವಟ್ಟಿನಿಂದ. 1964ರ ಅಧ್ಯಕ್ಷ ಚುನಾವಣೆಯ ಕಾಲದಲ್ಲಿ ‘ಫ್ಯಾಕ್ಟ್’ ಎಂಬ ಪತ್ರಿಕೆ ಮನೋವೈದ್ಯರಿಗೆ ಪ್ರಶ್ನಾವಳಿ ಕಳಿಸಿ, ಅಭ್ಯರ್ಥಿ ಬ್ಯಾರಿ ಗೋಲ್ಡ್‌ವಾಟರ್ ಮಾನಸಿಕವಾಗಿ ಅಧ್ಯಕ್ಷ ಪದವಿಗೆ ಯೋಗ್ಯರೇ ಎಂದು ಕೇಳಿತು. ಅವರನ್ನು ಒಮ್ಮೆಯೂ ಪರೀಕ್ಷಿಸಿರದ 1,189 ಮನೋವೈದ್ಯರು ಯೋಗ್ಯರಲ್ಲ ಎಂದು ಉತ್ತರಿಸಿದರು. ಗೋಲ್ಡ್‌ವಾಟರ್ ಮಾನನಷ್ಟ ಮೊಕದ್ದಮೆ ಹೂಡಿ ಗೆದ್ದರು. 1973ರಿಂದ ಅಲ್ಲಿನ ಮನೋವೈದ್ಯರ ಸಂಘವು, ಸ್ವತಃ ಪರೀಕ್ಷಿಸದ ಮತ್ತು ಒಪ್ಪಿಗೆ ಪಡೆಯದ ವ್ಯಕ್ತಿಯ ಬಗ್ಗೆ ಬಹಿರಂಗವಾಗಿ ವೃತ್ತಿಪರ ಅಭಿಪ್ರಾಯ ಹೇಳುವುದನ್ನು ಅನೈತಿಕವೆಂದು ಸಾರಿದೆ. ರಾಜಕಾರಣಿಗೆ ಸಿಕ್ಕ ಈ ರಕ್ಷೆಯು, ಮೊಕದ್ದಮೆ ಹೂಡುವ ಹಣವೂ ಮಾನವೂ ಉಳಿದಿರದ ಕೈದಿಯ ವಿಷಯದಲ್ಲಿ ಯಾರ ನೆನಪಿಗೂ ಬರುವುದಿಲ್ಲ.

ಈ ಚರ್ಚೆಗೆ ಕರ್ನಾಟಕದೊಂದಿಗೆ ಇರುವ ನಂಟು ಸಣ್ಣದಲ್ಲ. ಈ ಶತಮಾನದ ಮೊದಲ ದಶಕದಲ್ಲಿ ಬೆಂಗಳೂರಿನ ವಿಧಿವಿಜ್ಞಾನ ಪ್ರಯೋಗಾಲಯವು ಮಂಪರು ಪರೀಕ್ಷೆಗೆ ದೇಶದಲ್ಲೇ ಹೆಸರಾಗಿತ್ತು. ಸೋಡಿಯಂ ಪೆಂಟಥಾಲ್‌ನಂಥ ಔಷಧ ಕೊಟ್ಟು ಅರೆಪ್ರಜ್ಞೆಯ ಸ್ಥಿತಿಗೆ ತಂದು ಪ್ರಶ್ನೆ ಕೇಳುವ ಈ ವಿಧಾನಕ್ಕೆ ಛಾಪಾಕಾಗದ ಹಗರಣದ ತೆಲಗಿ ಸೇರಿದಂತೆ ಹಲವು ಆರೋಪಿಗಳನ್ನು ಒಳಪಡಿಸಲಾಯಿತು. ಪ್ರಯೋಗಾಲಯದ ಒಳಗೆ ಉಳಿಯಬೇಕಿದ್ದ ಆ ವಿಡಿಯೊಗಳು ಸುದ್ದಿವಾಹಿನಿಗಳಿಗೆ ಸೋರಿದವು. ಮಂಪರಿನಲ್ಲಿದ್ದವನ ತೊದಲು ಮಾತುಗಳಿಗೆ ಅರ್ಥ ಹೇಳುವ ತಜ್ಞರ ಫಲಕಗಳು ರಾತ್ರಿಯೆಲ್ಲ ನಡೆದವು. ಇನ್ನೊಂದು ಕಡೆ, ಮೆದುಳಿನ ವಿದ್ಯುತ್ ತರಂಗಗಳಿಂದ ಅಪರಾಧದ ನೆನಪನ್ನು ಗುರುತಿಸುತ್ತೇವೆ ಎಂಬ ‘ಬ್ರೈನ್ ಮ್ಯಾಪಿಂಗ್’ ವಿಧಾನವನ್ನು ಪರಿಶೀಲಿಸಿದ, ಬೆಂಗಳೂರಿನ ನಿಮ್ಹಾನ್ಸ್ ನಿರ್ದೇಶಕರ ನೇತೃತ್ವದ ಸಮಿತಿಯು 2008ರಲ್ಲಿ ಅದಕ್ಕೆ ವೈಜ್ಞಾನಿಕ ಆಧಾರ ಸಾಲದೆಂದು ಹೇಳಿತು. ‘ಸೆಲ್ವಿ ವಿರುದ್ಧ ಕರ್ನಾಟಕ ರಾಜ್ಯ’ ಪ್ರಕರಣದಲ್ಲಿ 2010ರ ಮೇ 5ರಂದು ಸುಪ್ರೀಂ ಕೋರ್ಟು ಮಂಪರು ಪರೀಕ್ಷೆ, ಸುಳ್ಳುಪತ್ತೆ ಪರೀಕ್ಷೆ, ಬ್ರೈನ್ ಮ್ಯಾಪಿಂಗ್ ಯಾವುದನ್ನೂ ಒಪ್ಪಿಗೆಯಿಲ್ಲದೆ ಮಾಡುವಂತಿಲ್ಲ, ತನ್ನ ವಿರುದ್ಧ ತಾನೇ ಸಾಕ್ಷಿಯಾಗುವಂತೆ ಯಾರನ್ನೂ ಬಲವಂತಪಡಿಸಬಾರದೆಂಬ ಸಂವಿಧಾನದ 20(3)ನೇ ವಿಧಿಗೆ ಅದು ವಿರುದ್ಧ ಎಂದು ತೀರ್ಪಿತ್ತಿತು. ಒಬ್ಬನ ಮನಸ್ಸಿನೊಳಗೆ ಅವನ ಒಪ್ಪಿಗೆಯಿಲ್ಲದೆ ಇಣುಕುವ ಅಧಿಕಾರ ಪ್ರಭುತ್ವಕ್ಕೇ ಇಲ್ಲವೆಂದಾದ ಮೇಲೆ, ಇಣುಕದೆಯೇ ಒಳಗಿನದನ್ನು ಹೇಳುತ್ತೇವೆನ್ನುವ ಪರದೆಯ ತಜ್ಞರ ಅಧಿಕಾರ ಎಲ್ಲಿಂದ ಬಂತೆಂದು ಕೇಳಬೇಕಾಗುತ್ತದೆ.

ಎಲ್ಲ ಚಿತ್ರಗಳೂ ಒಂದೇ ತರಹ ಇಲ್ಲ ಎಂಬುದನ್ನೂ ಹೇಳಬೇಕು. ದೆಹಲಿಯ ಬುರಾರಿಯಲ್ಲಿ 2018ರ ಜುಲೈ 1ರಂದು ಒಂದೇ ಕುಟುಂಬದ 11 ಜನ ಸತ್ತದ್ದನ್ನು ಕುರಿತು 2021ರಲ್ಲಿ ಬಂದ ‘ಹೌಸ್ ಆಫ್ ಸೀಕ್ರೆಟ್ಸ್’ ಎಂಬ ಮೂರು ಕಂತುಗಳ ಚಿತ್ರದಲ್ಲಿ ಮಾನಸಿಕ ಆರೋಗ್ಯದ ತಜ್ಞರಿಗೆ ದೊಡ್ಡ ಪಾತ್ರವಿದೆ. ಆ ಪ್ರಕರಣದಲ್ಲಿ ಕುಟುಂಬದವರು ವರ್ಷಗಟ್ಟಲೆ ಬರೆದಿಟ್ಟ ಡೈರಿಗಳಿದ್ದವು, ಅಧಿಕೃತವಾದ ಮನೋವೈಜ್ಞಾನಿಕ ಮರಣೋತ್ತರ ಪರೀಕ್ಷೆಯೂ ನಡೆದಿತ್ತು. ಬದುಕಿರುವ ಬಂಧುಮಿತ್ರರ ಸಂದರ್ಶನ, ಪತ್ರ, ದಾಖಲೆಗಳಿಂದ ಸತ್ತವರ ಕೊನೆಯ ದಿನಗಳ ಮನಃಸ್ಥಿತಿಯನ್ನು ಕಟ್ಟಿಕೊಳ್ಳುವ ಈ ವಿಧಾನ 1950ರ ದಶಕದ ಕೊನೆಯಲ್ಲಿ ಲಾಸ್ ಏಂಜಲೀಸ್‌ನಲ್ಲಿ, ಸಾವು ಆತ್ಮಹತ್ಯೆಯೋ ಅಲ್ಲವೋ ಎಂದು ನಿರ್ಧರಿಸಲು ರೂಪುಗೊಂಡಿತು. ಅದಕ್ಕೂ ಮಿತಿಗಳಿವೆಯಾದರೂ, ಅದು ಯಾವ ಆಧಾರದ ಮೇಲೆ ನಿಂತಿದೆಯೆಂದು ಪರಿಶೀಲಿಸಬಹುದು. ಮನೆಯೊಳಗಿನ ಮಾನಸಿಕ ತೊಂದರೆಯನ್ನು ಮುಚ್ಚಿಡುವ ನಮ್ಮ ಸಮಾಜದ ರೂಢಿಯ ಬಗ್ಗೆ ಆ ಚಿತ್ರ ಎತ್ತಿದ ಮಾತಿಗೆ ಬೆಲೆಯಿದೆ. ಸಾಕ್ಷ್ಯಚಿತ್ರದಲ್ಲಿ ಮನೋವಿಜ್ಞಾನಿಗೆ ಜಾಗವೇ ಬೇಡ ಎಂಬ ವಾದ ಆದ್ದರಿಂದ ನಿಲ್ಲುವುದಿಲ್ಲ. ‘ಏಕೆ’ ಎಂಬ ಪ್ರಶ್ನೆ ಸತ್ತವರ ಬಂಧುಗಳನ್ನು ಬದುಕಿನುದ್ದಕ್ಕೂ ಕಾಡುವುದೂ ನಿಜ. ಆದರೆ ಆ ಪ್ರಶ್ನೆಯ ತೀವ್ರತೆಯೇ ಸುಳ್ಳು ಉತ್ತರಕ್ಕೆ ಪರವಾನಗಿ ಆಗಲಾರದು. ತಾಸುಗಟ್ಟಲೆ ನಡೆದ ಸಂದರ್ಶನದಿಂದ ಕೆಲವು ನಿಮಿಷಗಳನ್ನು ಆಯುವಾಗ ಸಂಕಲನಕಾರರ ಕತ್ತರಿಗೆ ಮೊದಲು ಸಿಗುವುದು ತಜ್ಞರು ಸೇರಿಸಿದ್ದ ‘ಬಹುಶಃ’, ‘ಕೆಲವರಲ್ಲಿ’, ‘ಪರೀಕ್ಷಿಸದೆ ಹೇಳಲಾಗದು’ ಎಂಬ ಮಾತುಗಳೇ ಎಂಬುದನ್ನು ಬಲ್ಲ ತಜ್ಞರು ಒಪ್ಪಂದಕ್ಕೆ ಸಹಿ ಹಾಕುವ ಮೊದಲೇ ಅವುಗಳ ರಕ್ಷಣೆಯನ್ನು ಕೇಳಬಹುದು, ಕೇಳುವವರು ವಿರಳ.

ತಜ್ಞರ ನೋಟ ಅಪರಾಧಿಯ ಕಡೆಯಿಂದ ತನಿಖೆಯ ಕಡೆಗೆ ತಿರುಗಿದಾಗ ಅವರ ಮಾತಿಗೆ ಬೇರೆಯದೇ ಗಟ್ಟಿತನ ಬರುವುದನ್ನು ಐಸ್‌ಲ್ಯಾಂಡಿನ ಪ್ರಕರಣವೊಂದು ತೋರಿಸುತ್ತದೆ. 1974ರಲ್ಲಿ ಅಲ್ಲಿ ಇಬ್ಬರು ಗಂಡಸರು ಬೇರೆಬೇರೆ ತಿಂಗಳಲ್ಲಿ ಕಾಣೆಯಾದರು, ಶವಗಳು ಸಿಗಲಿಲ್ಲ. ಆರು ಮಂದಿ ಯುವಜನ ದೀರ್ಘಕಾಲದ ಏಕಾಂತ ಸೆರೆ ಮತ್ತು ಮತ್ತೆ ಮತ್ತೆ ನಡೆದ ವಿಚಾರಣೆಯ ನಂತರ ತಪ್ಪೊಪ್ಪಿಕೊಂಡು ಶಿಕ್ಷೆ ಅನುಭವಿಸಿದರು. ಒಂದು ಕಾಲದಲ್ಲಿ ಅದೇ ದೇಶದಲ್ಲಿ ಪತ್ತೇದಾರರಾಗಿದ್ದು ಆಮೇಲೆ ಲಂಡನ್ನಿನಲ್ಲಿ ಮನೋವಿಜ್ಞಾನಿಯಾಗಿ ಹೆಸರಾದ ಗಿಸ್ಲಿ ಗುಡ್ಯೊನ್ಸನ್ ‘ಸ್ಮೃತಿ ಅವಿಶ್ವಾಸ’ ಎಂಬ ಸ್ಥಿತಿಯನ್ನು ಗುರುತಿಸಿದವರಲ್ಲೊಬ್ಬರು. ಒತ್ತಡದಲ್ಲಿರುವವನು ತನ್ನ ನೆನಪನ್ನೇ ನಂಬದಾಗಿ, ವಿಚಾರಣಾಧಿಕಾರಿ ಹೇಳಿದ್ದೇ ನಡೆದದ್ದೆಂದು ಒಪ್ಪಿಕೊಳ್ಳುವ ಸ್ಥಿತಿಯದು. ಅವರು ಈ ಪ್ರಕರಣದ ಕಡತಗಳನ್ನೂ ಸೆರೆಯಲ್ಲಿ ಬರೆದ ದಿನಚರಿಗಳನ್ನೂ ಓದಿ, ತಪ್ಪೊಪ್ಪಿಗೆಗಳನ್ನು ನಂಬಲಾಗದೆಂದು ಹೇಳಿದರು. 2017ರಲ್ಲಿ ಬಂದ ‘ಔಟ್ ಆಫ್ ಥಿನ್ ಏರ್’ ಸಾಕ್ಷ್ಯಚಿತ್ರದಲ್ಲಿ ಅವರೂ ತಜ್ಞರಾಗಿ ಕಾಣಿಸಿಕೊಳ್ಳುತ್ತಾರೆ, ಆದರೆ ಅವರ ಮಾತಿನ ಹಿಂದೆ ವಿಚಾರಣೆ ಎಷ್ಟು ತಾಸು ನಡೆಯಿತು, ಹೇಳಿಕೆ ಯಾವ ದಿನ ಹೇಗೆ ಬದಲಾಯಿತು ಎಂಬ ದಾಖಲೆಗಳಿವೆ. ಬೇರೊಬ್ಬರು ಅದೇ ದಾಖಲೆ ತೆರೆದು ಅವರನ್ನು ಅಲ್ಲಗಳೆಯಬಹುದು. 2018ರಲ್ಲಿ ಆ ದೇಶದ ಸರ್ವೋಚ್ಚ ನ್ಯಾಯಾಲಯವು ಐವರನ್ನು ಕೊಲೆಗೆ ಸಂಬಂಧಿಸಿದ ಆರೋಪಗಳಿಂದ ಖುಲಾಸೆ ಮಾಡಿತು.

ಏಕಾಂತ ಸೆರೆಯ ಮಾತು ಕರ್ನಾಟಕದ ಒಂದು ಪ್ರಕರಣಕ್ಕೆ ಕರೆತರುತ್ತದೆ. ಅತ್ಯಾಚಾರ ಮತ್ತು ಕೊಲೆಯ ಅಪರಾಧಕ್ಕಾಗಿ ಮರಣದಂಡನೆಗೊಳಗಾಗಿದ್ದ ಉಮೇಶ್ ರೆಡ್ಡಿಯ ಶಿಕ್ಷೆಯನ್ನು ಸುಪ್ರೀಂ ಕೋರ್ಟು 2022ರ ನವೆಂಬರ್ 4ರಂದು ಜೀವಾವಧಿಗೆ ಇಳಿಸಿತು. ಬೆಳಗಾವಿಯ ಹಿಂಡಲಗಾ ಕಾರಾಗೃಹದಲ್ಲಿ ಅವನನ್ನು ಸುಮಾರು ಹತ್ತು ವರ್ಷ ಕಾನೂನುಬಾಹಿರವಾಗಿ ಏಕಾಂತದಲ್ಲಿ ಇಟ್ಟದ್ದು, ಅದು ಅವನ ಆರೋಗ್ಯದ ಮೇಲೆ ಮಾಡಿದ ಪರಿಣಾಮ, ಇವು ಆ ತೀರ್ಪಿನ ಆಧಾರ. ಅದೇ ವರ್ಷದ ಮೇ ತಿಂಗಳಲ್ಲಿ ‘ಮನೋಜ್ ವಿರುದ್ಧ ಮಧ್ಯಪ್ರದೇಶ ರಾಜ್ಯ’ ಪ್ರಕರಣದಲ್ಲಿ ಅದೇ ನ್ಯಾಯಾಲಯವು, ಮರಣದಂಡನೆ ವಿಧಿಸುವ ಮುನ್ನ ಅಪರಾಧಿಯ ಮನೋವೈದ್ಯಕೀಯ ಮತ್ತು ಮನೋವೈಜ್ಞಾನಿಕ ಮೌಲ್ಯಮಾಪನದ ವರದಿಯನ್ನು ತರಿಸಿಕೊಳ್ಳಬೇಕೆಂದು ನಿರ್ದೇಶಿಸಿತ್ತು. ಭೇಟಿಯಾಗಿ ಬರೆಯುವ, ಎರಡೂ ಪಕ್ಷಗಳ ಕೈಗೆ ಸಿಗುವ ವರದಿಯದು. ನವೆಂಬರಿನ ತೀರ್ಪು ಬಂದು ಆರು ವಾರಗಳಲ್ಲಿ ನೆಟ್‌ಫ್ಲಿಕ್ಸ್‌ನಲ್ಲಿ ಇದೇ ಅಪರಾಧಿಯನ್ನು ಕುರಿತ ಚಿತ್ರ ಬಿಡುಗಡೆಯಾಯಿತು. ಅದರ ಹೆಸರು ‘ಬೀಸ್ಟ್ ಆಫ್ ಬ್ಯಾಂಗಲೋರ್’. ಸರಣಿಯ ಹೆಸರು ‘ಇಂಡಿಯನ್ ಪ್ರಿಡೇಟರ್’. ಮೃಗವೆಂದು ಶೀರ್ಷಿಕೆಯಲ್ಲೇ ತೀರ್ಮಾನಿಸಿದ ಮೇಲೆ ಮನಸ್ಸಿನ ವಿಜ್ಞಾನಕ್ಕೆ ಉಳಿಯುವ ಕೆಲಸ ಕಡಿಮೆ. ಹಾಗೆ ನೋಡಿದರೆ ಈ ಪ್ರಕರಣದಲ್ಲಿ ತಜ್ಞರು ಉತ್ತರಿಸಬಹುದಾದ ಪ್ರಶ್ನೆಗಳಿಗೆ ಬರವಿಲ್ಲ: ಸಮವಸ್ತ್ರ ತೊಟ್ಟಿದ್ದವನ ಮೇಲೆ ಸಂಶಯ ಹುಟ್ಟಲು ಏಕೆ ಅಷ್ಟು ಕಾಲ ಬೇಕಾಯಿತು, ಪೊಲೀಸರ ವಶದಿಂದ ಅವನು ಒಂದಕ್ಕಿಂತ ಹೆಚ್ಚು ಸಲ ತಪ್ಪಿಸಿಕೊಂಡದ್ದು ಹೇಗೆ, ದಾಳಿಗೊಳಗಾದ ಹೆಂಗಸರು ಠಾಣೆಯ ಮೆಟ್ಟಿಲು ಹತ್ತಲು ಏಕೆ ಹಿಂಜರಿಯುತ್ತಾರೆ, ಹತ್ತು ವರ್ಷದ ಏಕಾಂತ ಮನುಷ್ಯನಿಗೆ ಏನು ಮಾಡುತ್ತದೆ. ಇವುಗಳಿಗೆ ಠಾಣೆಯ ದಿನಚರಿ, ಬೆಂಗಾವಲಿನ ಆದೇಶಗಳು, ಕಾರಾಗೃಹದ ವೈದ್ಯರ ಟಿಪ್ಪಣಿಗಳನ್ನು ತೆರೆದು ಉತ್ತರ ಹುಡುಕಬೇಕಾಗುತ್ತದೆ, ಮತ್ತು ಆ ಉತ್ತರ ತಪ್ಪಾಗಿದ್ದರೆ ಇಲಾಖೆಯವರೇ ಅವೇ ಕಾಗದಗಳನ್ನು ಹಿಡಿದು ತಜ್ಞರನ್ನು ಪ್ರಶ್ನಿಸಬಹುದು.